ಜಪಾನಿ ಅಜ್ಜನ ಶುಕ್ರವಾರಗಳು

ಆ ಜಪಾನಿ ನಿರ್ದೇಶಕನ ಹೆಸರು ನಮ್ಮ ಮನೆಯಲ್ಲಿ ಯಾರ ನಾಲಿಗೆಗೂ ಒಗ್ಗಲಿಲ್ಲ. ದೊಡ್ಡಪ್ಪ ಒಂದು ಬಗೆಯಲ್ಲಿ ಅನ್ನುತ್ತಿದ್ದರು, ಟೀವಿಯ ಅರಬಿ ಅಕ್ಷರ ಓದಿಕೊಂಡು ದೊಡ್ಡಪ್ಪನ ಗೆಳೆಯ ಹಸನಬ್ಬರು ಇನ್ನೊಂದು ಬಗೆಯಲ್ಲಿ ಅನ್ನುತ್ತಿದ್ದರು, ಇಬ್ಬರೂ ತಮ್ಮದೇ ಸರಿ ಎಂದು ಹಟ ಹಿಡಿಯುತ್ತಿದ್ದರು. ದೊಡ್ಡವ್ವ ಮಾತ್ರ ಆ ತಂಟೆಗೇ ಹೋಗಲಿಲ್ಲ. ಮೊದಲ ವಾರ ಪರದೆಯ ಮೇಲೆ ಅವನ ಬಿಳಿ ತಲೆ, ಜೋಲುಗಲ್ಲ ಕಂಡವಳೇ ‘ಅಜ್ಜ’ ಎಂದು ಹೆಸರಿಟ್ಟುಬಿಟ್ಟಳು. ಅಲ್ಲಿಂದ ಮುಂದೆ ಆತ ನಮಗೆ ಜಪಾನಿ ಅಜ್ಜನೇ. ಒಮಾನಿನ ನಿಜ್ವಾದಲ್ಲಿದ್ದ ಬಾಗಲಕೋಟೆ ಕಡೆಯವರ ಮನೆಗೆ ಆ ಮುದುಕ ಶುಕ್ರವಾರ ಶುಕ್ರವಾರ ಊಟಕ್ಕೆ ಬರುವ ನೆಂಟನ ಹಾಗೆ ಬಂದುಹೋಗುತ್ತಿದ್ದ. ನಾನು ನಾನಾದದ್ದು ಅವನ ಸಿನಿಮಾಗಳ ಮುಂದೆ ಕೂತು ಎಂದರೆ ನನ್ನ ಗಂಡ ನಗುತ್ತಾನೆ. ನಗಲಿ ಬಿಡಿ.

ಮನೆ ಎಂದರೆ ಒಮಾನಿ ಯಜಮಾನರೊಬ್ಬರ ಮನೆಯ ಕೆಳಗಿನ ಪಾಲು. ಹಿಂದೆ ಖರ್ಜೂರದ ತೋಟ, ಅದರ ನಡುವೆ ಸದ್ದಿಲ್ಲದೆ ಹರಿಯುವ ನೀರಿನ ಕಾಲುವೆ. ಬೀದಿ ಕಡೆಗೆ ಮಜ್ಲಿಸ್ ಖೋಲಿ. ಹೊರಗಿನವರು ಬಂದರೆ ಒಳಮನೆ ದಾಟದೆ ನೇರವಾಗಿ ಬಂದು ಕೂರಲಿ ಎಂದು ಅದಕ್ಕೆ ಬೇರೆಯದೇ ಬಾಗಿಲು. ಅಲ್ಲಿಯ ಜನ ಅತಿಥಿಗಳಿಗೆಂದು ಮೀಸಲಿಡುವ ಆ ಖೋಲಿಯನ್ನು ದೊಡ್ಡವ್ವ ಬಂದ ದಿನವೇ ವಶಪಡಿಸಿಕೊಂಡಿದ್ದಳಂತೆ. ಮನೆಯಲ್ಲಿ ಸರಿಯಾಗಿ ತಣ್ಣಗಾಗುವ ಏಸಿ ಇದ್ದದ್ದು ಅದೊಂದರಲ್ಲೇ. ಹೀಗಾಗಿ ದೇವರ ಜಗಲಿ, ಟೀವಿ, ನನ್ನ ಓದುವ ಮೇಜು, ಹಪ್ಪಳದ ಡಬ್ಬಿ, ಬೇಸಿಗೆಯಲ್ಲಿ ಮೂವರ ಹಾಸಿಗೆ, ಎಲ್ಲ ಅಲ್ಲೇ. ದೊಡ್ಡಪ್ಪ ಆಸ್ಪತ್ರೆಯಲ್ಲಿ ಯಂತ್ರಗಳನ್ನು ನೋಡಿಕೊಳ್ಳುವ ಇಂಜಿನಿಯರ್. ಎಕ್ಸ್‌ರೇ ಮಶೀನು ಕೆಟ್ಟರೆ ಅವರೇ ಬೇಕು. ಮನೆಗೆ ಬಂದರೆ ಮಾತ್ರ ಒಂದು ಸ್ವಿಚ್ಚನ್ನೂ ಮುಟ್ಟುತ್ತಿರಲಿಲ್ಲ. ಅಡುಗೆಮನೆಯ ಟ್ಯೂಬ್‌ಲೈಟು ನಾನು ಕಂಡಂದಿನಿಂದಲೂ ಕಣ್ಣು ಮಿಟುಕಿಸುತ್ತಲೇ ಇತ್ತು. ದೊಡ್ಡವ್ವ ಆ ಮಿಟುಕು ಬೆಳಕಿನಲ್ಲೇ ರೊಟ್ಟಿ ಬಡಿದು, ಗಂಡನಿಗೆ ಕೇಳಿಸುವ ಹಾಗೆ ಗೊಣಗುತ್ತಿದ್ದಳು.

ದೊಡ್ಡವ್ವ ನನ್ನ ಹಡೆದವ್ವನ ಅಕ್ಕ. ಹಡೆದವ್ವ ತೀರಿಕೊಂಡಾಗ ನನಗಿನ್ನೂ ಸರಿಯಾಗಿ ಮಾತು ಬಂದಿರಲಿಲ್ಲ. ಅಪ್ಪ ಊರಲ್ಲಿ ಬ್ಯಾಂಕಿನ ಕೆಲಸದಲ್ಲಿದ್ದರು, ಮನೆಯಲ್ಲಿ ಒಬ್ಬರೇ. ಇತ್ತ ದೊಡ್ಡವ್ವ ದೊಡ್ಡಪ್ಪನಿಗೆ ಮಕ್ಕಳಿರಲಿಲ್ಲ. ವೀಸಾಕ್ಕೆ ಬೇಕೆಂದು ದತ್ತಕದ ಕಾಗದ ಮಾಡಿಸಿ ನನ್ನನ್ನು ಕರೆದುಕೊಂಡು ಬಂದರು. ಆದರೆ ಕಾಗದ ಬೇರೆ, ಮಾತು ಬೇರೆ. ದೊಡ್ಡಪ್ಪ ಹಿರಿಯರ ಎದುರಿನಲ್ಲಿ ಅಪ್ಪನಿಗೆ ಮಾತು ಕೊಟ್ಟಿದ್ದರು: ನಿನ್ನ ಸಂಸಾರ ಒಂದು ನೆಲೆಗೆ ಬರಲಿ, ಹುಡುಗಿಯನ್ನು ತಂದು ಒಪ್ಪಿಸುತ್ತೇವೆ ಎಂದು. ಈ ಸಂಗತಿ ನನಗೆ ಗೊತ್ತಿತ್ತು. ಮನೆಯಲ್ಲಿ ಯಾರೂ ಅದನ್ನು ಮುಚ್ಚಿಟ್ಟಿರಲಿಲ್ಲ, ಯಾರೂ ಎತ್ತುತ್ತಲೂ ಇರಲಿಲ್ಲ. ದೊಡ್ಡವ್ವ ಮುದ್ದು ಮಾಡುವ ಪೈಕಿ ಅಲ್ಲ. ಜಡೆ ಹಾಕುವಾಗ ಹಣೆಯ ಚರ್ಮ ಹಿಂದಕ್ಕೆ ಸರಿಯುವ ಹಾಗೆ ಬಿಗಿಯುತ್ತಿದ್ದಳು. ನೋಯುತ್ತದೆ ಎಂದರೆ ಅದಕ್ಕೂ ಅವಳ ಹತ್ತಿರ ಉತ್ತರವಿತ್ತು.

“ನೋಯ್ತೈತಿ ಅಂದ್ರ ಕೂದಲು ಗಟ್ಟಿ ಅದಾವ ಅಂತ. ಸುಮ್ನ ಕುಂದರು.”

ಶುಕ್ರವಾರ ಅಲ್ಲಿ ರಜೆ. ಬೆಳಿಗ್ಗೆ ದೊಡ್ಡವ್ವ ತಲೆಗೆ ನೀರು ಹಾಕಿಕೊಂಡು, ಹಣೆಗೆ ವಿಭೂತಿ ಹಚ್ಚಿ, ಜಗಲಿಗೆ ಊದಿನಕಡ್ಡಿ ಬೆಳಗಿ ಅಡುಗೆಗೆ ನಿಲ್ಲುತ್ತಿದ್ದಳು. ಜೋಳದ ರೊಟ್ಟಿ, ಎಣ್ಣೆಗಾಯಿ, ಶೇಂಗಾ ಚಟ್ನಿ, ಕಡೆಗೊಂದಿಷ್ಟು ಅನ್ನ ಸಾರು. ಮಧ್ಯಾಹ್ನದ ನಮಾಜು ಮುಗಿಸಿ ಹಸನಬ್ಬರು ಬರುತ್ತಿದ್ದರು. ಅವರು ಬಂಟ್ವಾಳದ ಕಡೆಯ ಬ್ಯಾರಿ, ಪೇಟೆಯಲ್ಲಿ ಬಟ್ಟೆ ಅಂಗಡಿ ಇಟ್ಟಿದ್ದರು. ಹೆಂಡತಿ ಮಕ್ಕಳು ಊರಲ್ಲಿ. ನಮ್ಮ ಮನೆಯ ಡಿಶ್ಶನ್ನು ಛಾವಣಿ ಹತ್ತಿ ತಿರುಗಿಸಿಕೊಟ್ಟವರು ಅವರೇ, ದೊಡ್ಡಪ್ಪ ಕೆಳಗೆ ನಿಂತು ಸಲಹೆ ಕೊಟ್ಟವರು. ಆ ಹೊತ್ತಿಗೆ ಸಿಕ್ಕಿದ್ದು ಒಂದು ಅರಬಿ ಚಾನೆಲ್ಲು. ಊಟದ ಹೊತ್ತಿಗೆ ಸರಿಯಾಗಿ ಅದರಲ್ಲಿ ವಾರಕ್ಕೊಂದು ಜಪಾನಿ ಸಿನಿಮಾ. ಎಲ್ಲವೂ ಆ ಒಬ್ಬ ಅಜ್ಜನವೇ. ಮಾತು ಜಪಾನಿಯದು, ಕೆಳಗೆ ಓಡುವ ಬರಹ ಅರಬಿಯದು. ಹಸನಬ್ಬರು ಅರಬಿ ಓದುವುದನ್ನು ಮದರಸಾದಲ್ಲಿ, ಆಡುವುದನ್ನು ಅಂಗಡಿಯಲ್ಲಿ ಕಲಿತವರು. ರೊಟ್ಟಿ ಮುರಿಯುತ್ತ, ಅರಬಿಯನ್ನು ತುಟಿಯಲ್ಲೇ ಓದಿಕೊಂಡು, ನಮಗೆ ಕನ್ನಡದಲ್ಲಿ ಹೇಳುತ್ತಿದ್ದರು. ಕನ್ನಡ ಎಂದರೆ ಅವರ ಕನ್ನಡ. ದೊಡ್ಡವ್ವನಿಗೆ ಅದನ್ನು ಇನ್ನೊಮ್ಮೆ ಕನ್ನಡಕ್ಕೆ ತಂದುಕೊಳ್ಳಬೇಕಾಗುತ್ತಿತ್ತು.

ನೂಲಿನ ಗಿರಣಿಯ ಹುಡುಗಿಯರ ಸಿನಿಮಾದಲ್ಲಿ ಒಬ್ಬಳು ಕೆಮ್ಮಿ ಕೆಮ್ಮಿ ಸತ್ತಳು. ಅವಳ ಗೆಳತಿ ಗೋಡೆಗೆ ಮುಖ ಮಾಡಿ ಕೂತಳು.

“ಅವಳಿಗೆ ತುಂಬಾ ಬೇಜಾರಾಗಿದೆ,” ಎಂದರು ಹಸನಬ್ಬರು.

“ಗೆಳತಿ ಸತ್ತರ ಬ್ಯಾಸರ ಆಗ್ತೈತೇನ್ರೀ ಅಣ್ಣಾರ? ಎಂಥಾಕಿ ಈಕಿ?” ಎಂದಳು ದೊಡ್ಡವ್ವ. ನಮ್ಮ ಕಡೆ ಬ್ಯಾಸರ ಎಂದರೆ ಬೇಸತ್ತು ಹೋಗುವುದು.

“ಬೇಜಾರು ಅಂದ್ರೆ ನಿಮ್ಮ ಬ್ಯಾಸರ ಅಲ್ಲ ಅಕ್ಕ. ದುಃಖ, ದುಃಖ.”

“ಹಂಗಾರ ದುಃಖ ಅನ್ರಿ. ಸುಮ್ನ ಆ ಹುಡಿಗೀನ ಬೈಸಿದ್ರಿ ನನ್ನ ಕಡಿಂದ.”

ಇನ್ನೊಂದು ವಾರ ದಂಡಿನವನೊಬ್ಬ ಕುದುರೆ ಹತ್ತಿ ಕತ್ತಿ ಎತ್ತಿ ಏನೋ ಕೂಗಿದ. ಹಸನಬ್ಬರು “ಹೋಗುವ” ಎಂದರು. ದೊಡ್ಡವ್ವ ಕಾದಳು, ದೊಡ್ಡಪ್ಪ ಕಾದರು, ನಾನೂ ಕಾದೆ.

“ಹೋಗುವ... ಯಾರು?” ಎಂದು ಕೊನೆಗೆ ದೊಡ್ಡಪ್ಪ ಕೇಳಿದರು.

ಕರಾವಳಿಯಲ್ಲಿ ಹಾಗೆಂದರೆ ‘ಹೋಗೋಣ’ ಎಂದು ನಮಗೆ ತಿಳಿಯುವ ಹೊತ್ತಿಗೆ ದಂಡು ಹೋಗಿ, ಹಳ್ಳಿ ಸುಟ್ಟು, ವಾಪಸೂ ಬಂದಿತ್ತು.

ಪ್ರತಿ ಸಿನಿಮಾಕ್ಕೂ ಮುಂಚೆ ಟೈ ಕಟ್ಟಿದ ಅರಬ ಗೃಹಸ್ಥರೊಬ್ಬರು ಬಂದು ಅಜ್ಜನ ಬಾಳನ್ನು ಒಂದಿಷ್ಟು ಹೇಳಿಹೋಗುತ್ತಿದ್ದರು. ಹೀಗೆ ಕಂತು ಕಂತಾಗಿ ಆತನ ಬದುಕು ನಮ್ಮ ಊಟದ ಜತೆಗೆ ಒಳಗೆ ಹೋಯಿತು. ಆತ ಬಂದರಿನ ಊರೊಂದರ ಬಡವರ ಮಗ. ಸ್ಟುಡಿಯೋದಲ್ಲಿ ಪರದೆಗಳಿಗೆ ಬಣ್ಣ ಬಳಿಯುವ ಕೆಲಸಕ್ಕೆ ಸೇರಿದವನು. ಯುದ್ಧಕ್ಕೆ ಎಳೆದುಕೊಂಡು ಹೋದರು, ಬದುಕಿ ಬಂದ. ಸ್ಟುಡಿಯೋದವರು ಕತ್ತಿವರಸೆಯ ಸಿನಿಮಾ ಮಾಡು ಎಂದರೆ, ಈತ ಕತ್ತಿ ಹಿಡಿದವನನ್ನು ಬದಿಗಿಟ್ಟು, ಅವನ ಕಣಜಕ್ಕೆ ಅಕ್ಕಿ ಅಳೆದು ತಾವು ಉಪವಾಸ ಬಿದ್ದವರ ಕಥೆ ತೆಗೆದ. ಹಳೆಯ ಕಾಲದ ಕಥೆ ಎಂದು ನೋಡಹೋದ ಜನಕ್ಕೆ ಅದು ತಮ್ಮದೇ ಕಾಲದ ಕಥೆ ಎಂದು ಗೊತ್ತಾಯಿತು, ಸ್ಟುಡಿಯೋದವರಿಗೂ ಗೊತ್ತಾಯಿತು. ಗಿರಣಿಯ ಹುಡುಗಿಯರ ಮೇಲೆ, ಉಪ್ಪಿನ ಕೆಲಸದವರ ಮೇಲೆ, ಕಾರ್ಖಾನೆಯ ವಿಷ ಕುಡಿದ ನದಿಯ ಮೇಲೆ ಸಿನಿಮಾ ಮಾಡಿದ. ಕೊನೆಗೆ ಅವನನ್ನು ಹೊರಗೆ ಹಾಕಿದರು. ಆಮೇಲೆ ಊರೂರು ತಿರುಗಿ, ಹಳ್ಳಿಯವರು ಹಾಕಿದ ಅನ್ನ ತಿಂದು, ಅವರನ್ನೇ ನಿಲ್ಲಿಸಿಕೊಂಡು ಸಿನಿಮಾ ತೆಗೆದ. ಕೆಲವು ಕಾಲ ಟೀವಿ ಧಾರಾವಾಹಿ ಮಾಡಿ ಹೊಟ್ಟೆ ಹೊರೆದ. ದೊಡ್ಡಪ್ಪನಿಗೆ ಈ ಮನುಷ್ಯನ ಮೇಲೆ ಎಲ್ಲಿಲ್ಲದ ಗೌರವ. ಆಸ್ಪತ್ರೆಯಲ್ಲಿ ಮೇಲಿನವರಿಗೆ ತಲೆಯಾಡಿಸಿ ಬರುತ್ತಿದ್ದ ದೊಡ್ಡಪ್ಪ, ಶುಕ್ರವಾರ ಮಜ್ಲಿಸಿನಲ್ಲಿ ಲುಂಗಿ ಉಟ್ಟು ಕಾಲು ಚಾಚಿ ಕೂತು, ತಾವೇ ಸ್ಟುಡಿಯೋದ ಬಾಗಿಲು ಒದ್ದು ಬಂದವರ ಹಾಗೆ ಮಾತಾಡುತ್ತಿದ್ದರು.

“ಒಂದು ಮಾತು ಅಂದ್ರ ಮಾತು. ಬಗ್ಗಲಿಲ್ಲ ನೋಡ್ರಿ ಮುದುಕ,” ಎನ್ನುತ್ತಿದ್ದರು.

ದೊಡ್ಡವ್ವ ನೋಡುತ್ತಿದ್ದುದು ಬೇರೆ. ಅಜ್ಜನಿಗೆ ಒಂದು ಚಟವಿತ್ತು. ಯಾವ ಕೆಲಸ ತೋರಿಸಿದರೂ ಪೂರ್ತಿ ತೋರಿಸುತ್ತಿದ್ದ. ಹೆಂಗಸೊಬ್ಬಳು ಭತ್ತ ಕುಟ್ಟಲು ನಿಂತರೆ ಕುಟ್ಟಿ, ಕೇರಿ, ತೌಡು ಬೇರೆ ಮಾಡುವವರೆಗೂ ಕ್ಯಾಮೆರಾ ಅಲ್ಲೇ. ಅಷ್ಟು ಹೊತ್ತು ಯಾರೂ ಮಾತಾಡುತ್ತಿರಲಿಲ್ಲ, ಹಸನಬ್ಬರಿಗೂ ನಿಶ್ಚಿಂತೆಯಿಂದ ಊಟ ಮಾಡುವ ಅವಕಾಶ. ನನ್ನ ಶಾಲೆಯ ಗೆಳತಿಯೊಬ್ಬಳು ಒಮ್ಮೆ ಬಂದವಳು ‘ಸೋ ಬೋರಿಂಗ್’ ಎಂದು ಎದ್ದುಹೋದಳು. ದೊಡ್ಡವ್ವ ಮಾತ್ರ ಅಂಥ ಹೊತ್ತಿನಲ್ಲಿ ಅಡುಗೆಮನೆಯಿಂದ ಹಿಟ್ಟಿನ ಕೈಯಲ್ಲೇ ಬಂದು ನಿಲ್ಲುತ್ತಿದ್ದಳು. ಆಕೆ ಒನಕೆ ಹಿಡಿದದ್ದು ಸರಿ, ಈಕೆಗೆ ಮೊರ ಆಡಿಸಲು ಬರುವುದಿಲ್ಲ, ನಾಟಕದವಳು, ಎಂದೆಲ್ಲ ತೀರ್ಪು ಕೊಡುತ್ತಿದ್ದಳು. ಜನರ ಬಾಯಿಗಿಂತ ಕೈಯನ್ನು ನೋಡುವ ಅಭ್ಯಾಸ ನನಗೆ ಬಿದ್ದದ್ದು ಆಗ. ಈಗ ನಾನು ಫಿಸಿಯೋಥೆರಪಿ ಮಾಡುತ್ತೇನೆ. ಕೈ ಮುರಿದುಕೊಂಡವರು ‘ಏನೂ ನೋವಿಲ್ಲ’ ಎಂದು ಎಷ್ಟು ನಕ್ಕು ಹೇಳಿದರೂ ನನ್ನ ಕಣ್ಣು ಅವರ ಬೆರಳುಗಳ ಮೇಲೇ ಇರುತ್ತದೆ.

ಅಜ್ಜನ ಸಿನಿಮಾಗಳು ಮುಗಿಯುತ್ತ ಬಂದ ದಿನಗಳಲ್ಲೇ ಅಪ್ಪನ ಫೋನು ಬಂತು. ಅಪ್ಪ ಅಷ್ಟರಲ್ಲಿ ಮತ್ತೆ ಮದುವೆಯಾಗಿದ್ದರು, ಒಬ್ಬ ಪುಟ್ಟ ಮಗನಿದ್ದ. ಆ ಚಿಕ್ಕವ್ವನ ಬಗ್ಗೆ ಕೆಟ್ಟದ್ದು ಹೇಳಲು ನನ್ನ ಹತ್ತಿರ ಏನೂ ಇಲ್ಲ. ರಜೆಗೆ ಹೋದಾಗ ನನಗೆಂದು ಬೇರೆ ಎತ್ತಿಟ್ಟು ಶೇಂಗಾ ಹೋಳಿಗೆ ಮಾಡಿಕೊಡುತ್ತಿದ್ದರು. ಅಪ್ಪನೂ ಒಳ್ಳೆಯವರೇ, ಕಡಿಮೆ ಮಾತಿನವರು. ನನ್ನ ಹತ್ತಿರ ದೊಡ್ಡವ್ವನ ಮಾತು ಬಂದರೆ ‘ನಿಮ್ಮ ದೊಡ್ಡವ್ವ’ ಎಂದೇ ಅನ್ನುತ್ತಿದ್ದರು. ಫೋನಿಟ್ಟ ದೊಡ್ಡಪ್ಪ ಸ್ವಲ್ಪ ಹೊತ್ತು ವೈರು ಸುತ್ತುತ್ತ ಕೂತು, ಆಮೇಲೆ ಹೇಳಿದರು.

“ಶಿವಾನಂದ ಮನಿ ಕಟ್ಟಿಸ್ಯಾನಂತ. ಈಕಿಗೂ ಒಂದು ಖೋಲಿ ಮಾಡಿಸ್ಯಾನ. ಈ ವರ್ಷದ ಸಾಲಿ ಮುಗೀಲಿ, ಕರಕೊಂಡ ಬರ್ರಿ ಅಂದ.”

“ನೀವೇನಂದ್ರಿ?” ಎಂದಳು ದೊಡ್ಡವ್ವ.

“ನಾ ಏನನ್ಲಿ? ಮಾತು ಕೊಟ್ಟೀನಲ್ಲ.”

ದೊಡ್ಡವ್ವ ಒಣಗಿದ ಬಟ್ಟೆಯ ರಾಶಿ ಎಳೆದುಕೊಂಡು ಮಡಚತೊಡಗಿದಳು. ನನ್ನ ಶಾಲೆಯ ಅಂಗಿಯನ್ನು ಮಡಚಿ, ಬಿಚ್ಚಿ, ಮತ್ತೆ ಮಡಚಿದಳು. ಬೇಡ ಅನ್ನಲಿಲ್ಲ, ಹೂಂ ಅನ್ನಲಿಲ್ಲ. ನನಗೆ ಹೆದರಿಕೆಯಾಯಿತು. ಸುತ್ತಿ ಬಳಸಿ ಹೇಳುವುದೇನಿದೆ, ಜೀವ ಬಾಯಿಗೆ ಬರುವಂಥ ಹೆದರಿಕೆ. ನನಗಾಗಿ ಒಂದು ಖೋಲಿ ಕಟ್ಟಿಸಿದ ಮನುಷ್ಯನ ಮೇಲೆ ಸಿಟ್ಟು ಮಾಡಿಕೊಳ್ಳಲೂ ಬರಲಿಲ್ಲ. ಇಲ್ಲಿ ನನಗೆಂದು ಖೋಲಿಯೇ ಇರಲಿಲ್ಲ, ಮಜ್ಲಿಸಿನ ಒಂದು ಮೂಲೆ ಇತ್ತು. ಆ ಮೂಲೆ ಬಿಟ್ಟು ಹೋಗಲು ನನಗೆ ಇಷ್ಟವಿರಲಿಲ್ಲ. ಆದರೆ ನನ್ನನ್ನು ಯಾರೂ ಕೇಳಲಿಲ್ಲ, ಮತ್ತು ದೊಡ್ಡವ್ವ ಬಾಯಿ ಬಿಡದ ಮೇಲೆ ಬಹುಶಃ ನಾನು ಹೋಗುವುದೇ ಅವಳಿಗೂ ಬೇಕಿರಬಹುದು ಎಂದುಕೊಂಡೆ. ಹುಡುಗರ ತಲೆ ಹಾಗೆಯೇ ಓಡುವುದು.

ಕೊನೆಯ ಶುಕ್ರವಾರದ್ದು ಅಜ್ಜನ ಕೊನೆಯ ಸಿನಿಮಾ. ಟೈ ಕಟ್ಟಿದ ಗೃಹಸ್ಥರು, ಇದನ್ನು ಆತ ಬಹಳ ವಯಸ್ಸಾದ ಮೇಲೆ, ಯಾವ ಸ್ಟುಡಿಯೋದ ಹಂಗೂ ಇಲ್ಲದೆ ಮಾಡಿದ್ದು ಎಂದರು. ಬರಗಾಲದಲ್ಲಿ ಒಬ್ಬಳು ತನ್ನ ಕೂಸನ್ನು ಕುಂಬಾರಗಿತ್ತಿಯೊಬ್ಬಳ ಬೇಲಿಯ ಹತ್ತಿರ ಬಿಟ್ಟುಹೋಗುತ್ತಾಳೆ. ಕುಂಬಾರಗಿತ್ತಿ ಆ ಕೂಸನ್ನು ಮಡಿಲಿಗೆ ಹಾಕಿಕೊಳ್ಳುತ್ತಾಳೆ. ವರ್ಷಗಳು ಕಳೆಯುತ್ತವೆ, ಹುಡುಗಿ ಮಣ್ಣು ತುಳಿಯಲು ಕಲಿಯುತ್ತಾಳೆ, ಗಡಿಗೆ ಹೊರಲು ಕಲಿಯುತ್ತಾಳೆ. ಅಜ್ಜ ಎಲ್ಲವನ್ನೂ ಪೂರ್ತಿ ತೋರಿಸಿದ. ಒಂದು ಗಡಿಗೆ ತಿಗರಿಯ ಮೇಲೆ ಎದ್ದು ನಿಲ್ಲುವವರೆಗೆ ನಾವು ಯಾರೂ ಉಸಿರೆತ್ತಲಿಲ್ಲ. ಕೊನೆಗೆ ಒಂದು ದಿನ ಮೇನೆ ಬಂದು ನಿಲ್ಲುತ್ತದೆ. ಹಡೆದವಳು ಈಗ ಅಧಿಕಾರಿಯೊಬ್ಬನ ಹೆಂಡತಿ, ಮಗಳನ್ನು ಕರೆದೊಯ್ಯಲು ಬಂದಿದ್ದಾಳೆ. ಕುಂಬಾರಗಿತ್ತಿ ತಲೆ ಎತ್ತದೆ ಮಣ್ಣು ಕಲಸುತ್ತಲೇ ಇರುತ್ತಾಳೆ. ಹುಡುಗಿ ತಲೆಯ ಮೇಲೆ ಗಡಿಗೆ ಹೊತ್ತು, ಹಡೆದವಳ ಗುರುತು ಹತ್ತದೆ, ಅವಳ ಪಕ್ಕದಿಂದಲೇ ಹಾದುಹೋಗುತ್ತಾಳೆ. ಆಕೆ ಬಹಳ ಹೊತ್ತು ನೋಡುತ್ತಾಳೆ. ಒಂದೇ ಒಂದು ಮಾತು ಆಡಿ, ಮೇನೆ ಹತ್ತಿ ಹೊರಟುಹೋಗುತ್ತಾಳೆ.

“ಸಾಕು,” ಎಂದರು ಹಸನಬ್ಬರು.

ದೊಡ್ಡವ್ವ ಸೆರಗು ಬಾಯಿಗೆ ಒತ್ತಿಕೊಂಡು ಅತ್ತಳು. ನಾನು ಅವಳು ಅತ್ತದ್ದನ್ನು ಅದಕ್ಕೆ ಮುಂಚೆ ಕಂಡಿರಲಿಲ್ಲ. ಗಂಡಸರಿಬ್ಬರೂ ಗೋಡೆ ನೋಡಿದರು. ಅವಳು ಎದ್ದು ಮುಖ ತೊಳೆದು ಚಾ ಮಾಡಿಕೊಂಡು ಬಂದು, ದೊಡ್ಡಪ್ಪನ ಮುಂದೆ ಕಪ್ಪು ಬಸಿ ಇಟ್ಟಳು.

“ನೋಡಿದ್ರಿಲ್ಲೋ? ಹಡದಾಕಿ ತಾನ ಬಂದು ‘ಸಾಕು’ ಅಂದ್ಲು. ನೀನ ಜ್ವಾಪಾನ ಮಾಡು ಅಂತ ಬಾಯಿ ಬಿಟ್ಟು ಹೇಳಿ ಹ್ವಾದ್ಲು. ಶಿವಾನಂದಗ ಅಂಥಾ ಮನಸ್ಸು ಯಾವಾಗ ಬರ್ತೈತಿ?”

ದೊಡ್ಡಪ್ಪ ಬಸಿಗೆ ಚಾ ಸುರಿಯುವುದನ್ನು ನಿಲ್ಲಿಸಿದರು.

“ಎಲ್ಲಿ ಅಂದ್ಲು ಹಂಗ? ಸಾಕು, ಇನ್ನ ಬ್ಯಾಡ, ಅಂದ್ಲು.”

“ಬ್ಯಾಡ ಅನ್ನೂದಿದ್ರ ‘ಸಾಕ’ ಅಂತಿದ್ಲು. ಅಣ್ಣಾರು ‘ಸಾಕು’ ಅಂದ್ರು. ಸಾಕು ಅಂದ್ರ ಸಾಕಿ ದೊಡ್ಡಾಕಿನ್ನ ಮಾಡು ಅಂತ.”

“ಅದು ನಮ್ಮೂರ ಲೆಕ್ಕ. ಹೇಳಿದಾವ್ರು ಬಂಟ್ವಾಳದಾವ್ರು. ಅವ್ರು ಎರಡಕ್ಕೂ ಸಾಕು ಅಂತಾರ.”

ನಮ್ಮ ಕಡೆ ಅದು ನಿಜ. ಅನ್ನ ಬಡಿಸುವಾಗ ನಾವು ‘ಸಾಕ’ ಎಂದು ಕೈ ಅಡ್ಡ ಹಿಡಿಯುತ್ತೇವೆ. ‘ಸಾಕು’ ಎಂದು ಪೂರ್ತಿಯಾಗಿ ಅಂದರೆ ಅದು ಕರುವನ್ನೋ ಕೂಸನ್ನೋ ಸಾಕುವ ಮಾತು. ಇಬ್ಬರೂ ಹಸನಬ್ಬರ ಕಡೆ ತಿರುಗಿದರು. ಅವರಿಗೆ ಅಪ್ಪನ ಫೋನಿನ ಸಂಗತಿ ದೊಡ್ಡಪ್ಪನಿಂದ ಗೊತ್ತಾಗಿತ್ತು. ಹಸನಬ್ಬರು ಒಮ್ಮೆ ನನ್ನನ್ನು ನೋಡಿದರು. ಅಲ್ಲಿ ಅರಬಿ ಬಲ್ಲವರು ಅವರೊಬ್ಬರೇ. ಏನು ಹೇಳಿದ್ದರೂ ನಮಗದು ನಡೆಯುತ್ತಿತ್ತು. ಚಾದ ಕಪ್ಪನ್ನು ನೆಲಕ್ಕಿಟ್ಟರು.

“ಅಕ್ಕ, ಅಲ್ಲಿ ಬರೆದದ್ದು ‘ಕಫಾ’ ಅಂತ. ನಾವು ಅಂಗಡಿಯಲ್ಲಿ ಖಲಾಸ್ ಅಂತೇವಲ್ಲ, ಹಾಗೆ. ಸಾಕು, ಆಯ್ತು, ಇಷ್ಟೇ. ಸಾಕ್ಲಿಕ್ಕೆ ಹೇಳಿದ್ದಲ್ಲ. ಜಪಾನಿಯಲ್ಲಿ ಎಂತ ಹೇಳಿದ್ದಾಳೋ ನನಗೆ ಗೊತ್ತಿಲ್ಲ. ನಿಮಗೆ ಬೇಜಾರಾಗ್ಬಹುದು, ಆದ್ರೆ ನಾನು ಸುಳ್ಳು ಹೇಳುದು ಹೇಗೆ?”

“ಹಂಗಾರ ಹಡದಾಕಿ ಏನೂ ಹೇಳ್ಲಿಲ್ಲ.”

“ಇಲ್ಲ ಅಕ್ಕ.”

“ಕುಂಬಾರಗಿತ್ತೀನೂ ಏನೂ ಕೇಳ್ಲಿಲ್ಲ.”

“ಅವಳು ಎಲ್ಲಿ ಕೇಳಿದಳು. ಮಣ್ಣು ಕಲಸ್ತಾ ಇದ್ದಳು ಅಲ್ವಾ.”

ಟೀವಿಯಲ್ಲಿ ಏನೋ ಸೋಪಿನ ಜಾಹೀರಾತು ಬರುತ್ತಿತ್ತು, ಯಾರೂ ಆರಿಸಲಿಲ್ಲ. ಅಪ್ಪನ ಫೋನು ಬಂದಾಗಿನಿಂದ ದೊಡ್ಡವ್ವ ಬಾಯಿ ಬಿಡದೆ ಇದ್ದದ್ದು ಯಾಕೆಂದು ನನಗೆ ಆಗ ತಿಳಿಯಿತು. ಅಪ್ಪ ತಾನಾಗಿ ‘ಇರಲಿ ಬಿ‌ಡ್ರಿ, ನಿಮ್ಮ ಹತ್ರಾನ ಬೆಳೀಲಿ’ ಅಂದಾರು ಎಂದು ಕಾಯುತ್ತಿದ್ದಳು. ಸಿನಿಮಾದಲ್ಲಿ ಯಾರೋ ಹಾಗೆ ಅಂದರು ಎಂದು ಅವಳಿಗೆ ಅಷ್ಟು ಸಂತೋಷವಾಗಿತ್ತು. ದೊಡ್ಡಪ್ಪ ಸಮಾಧಾನ ಹೇಳಲು ಹೋಗಿ ಮತ್ತೆ ಅದೇ ಹಳೆಯ ಮಾತು ತೆಗೆದರು.

“ಹಿರ್ಯಾರ ಮುಂದ ಕೊಟ್ಟ ಮಾತು. ನಾ ಹೆಂಗ ಹಿಂದ ತಗೊಳ್ಲಿ?”

“ಕೊಟ್ಟಾವ್ರು ನೀವು,” ಎಂದಳು ದೊಡ್ಡವ್ವ. ದನಿ ಏರಿಸಲಿಲ್ಲ. “ಇಷ್ಟು ವಾರ ಆ ಅಜ್ಜ ಏನು ತೋರಿಸಿದ? ಗಂಡಸರು ಮಾತು ಕೊಡ್ತಾರ, ತೀರಸಾವ್ರು ಹೆಂಗಸ್ರು ಮಕ್ಕಳು. ನೀವು ಬರೇ ಕತ್ತಿ ನೋಡಿದ್ರಿ.”

ಹಸನಬ್ಬರು ಎದ್ದು, ಸಂಜೆಯ ಅಸರ್ ನಮಾಜಿಗೆ ಹೊತ್ತಾಯಿತು ಎಂದು ಚಪ್ಪಲಿ ಮೆಟ್ಟಿಕೊಂಡು ಹೋದರು. ದೊಡ್ಡಪ್ಪ ಅವರನ್ನು ಬಾಗಿಲ ತನಕ ಬಿಟ್ಟು, ಒಳಗೆ ಬರದೆ ಹೊಸ್ತಿಲಲ್ಲೇ ನಿಂತರು. ದೊಡ್ಡವ್ವ ಫೋನು ಎತ್ತಿಕೊಂಡಳು. ಊರಿಗೆ ಮಾಡುವ ಫೋನು ಯಾವಾಗಲೂ ದೊಡ್ಡಪ್ಪನದು. ಅವರು ಮಾತು ಮುಗಿಸಿ ಕೊಟ್ಟ ಮೇಲಷ್ಟೇ ಇವಳು ಆರಾಮ ಅದೀರೇನು ಎಂದು ಕೇಳಿ ಇಡುತ್ತಿದ್ದಳು. ಅವತ್ತು ತಾನೇ ನಂಬರು ಒತ್ತಿದಳು. ಎರಡು ಸಲ ತಪ್ಪಿತು.

“ಶಿವಾನಂದ, ನಾನಪ. ಆರಾಮ ಅದೀನಿ. ಇಲ್ಲ, ಏನೂ ಆಗಿಲ್ಲ. ಒಂದು ಕೇಳಾಕ ಫೋನ್ ಮಾಡೀನಿ. ಹುಡಿಗೀನ ನನಗ ಕೊಡು. ನಿನಗ ಹೇಳಾಕ ಆಗಂಗಿಲ್ಲಂತ ನನಗ ಗೊತ್ತೈತಿ, ಅದಕ್ಕ ನಾನ ಕೇಳಾಕತ್ತೀನಿ. ನನಗ ಆಕೀನ ಬಿಟ್ಟು ಇರಾಕ ಆಗಂಗಿಲ್ಲ.”

ಆ ಕಡೆಯಿಂದ ಏನು ಬಂತೋ ನನಗೆ ಕೇಳಲಿಲ್ಲ. ಆಮೇಲೆ ಅವಳು ಫೋನನ್ನು ನನ್ನ ಕಡೆ ಚಾಚಿದಳು. ಫೋನಿನ ವೈರು ಅವಳ ಹೆಬ್ಬೆರಳಿಗೆ ಬಿಗಿಯಾಗಿ ಸುತ್ತಿಕೊಂಡಿತ್ತು.

“ಅವ್ವಿ, ಆರಾಮ ಅದೀಯೇನು?” ಎಂದರು ಅಪ್ಪ. “ನಿನ್ನ ಖೋಲಿಗಿ ಗುಲಾಬಿ ಬಣ್ಣ ಹಚ್ಚಿಸೀನಿ. ಕಿಟಕಿಯಿಂದ ರೋಡು ಕಾಣ್ತೈತಿ. ಯಾವಾಗ ಬರ್ತಿ?”

ಬರುವುದಿಲ್ಲ ಎಂದು ಹೇಳಬೇಕಿತ್ತು. ಗುಲಾಬಿ ಬಣ್ಣದ ಮುಂದೆ ಆ ಮಾತು ಬಾಯಿಗೆ ಬರಲಿಲ್ಲ. ಬಂದದ್ದು ಇಷ್ಟೇ:

“ಅಪ್ಪಾ, ನಾಳೆ ನಂದು ಯೂನಿಟ್ ಟೆಸ್ಟ್ ಐತಿ.”

ಅಪ್ಪನ ಹಿಂದೆ ಪುಟ್ಟ ತಮ್ಮ ಏನೋ ಬೇಕೆಂದು ರಚ್ಚೆ ಹಿಡಿದಿದ್ದ, ಚಿಕ್ಕವ್ವ ಅವನನ್ನು ಸಂತೈಸುತ್ತಿದ್ದರು.

“ಯಾವ ವಿಷಯ?”

“ಸೋಶಿಯಲ್.”

“ಓದೀಯೇನು?”

“ಇನ್ನ ಒಂದು ಪಾಠ ಉಳದೈತಿ.”

“ಹಂಗಾರ ಓದಕೋ ಹೋಗು,” ಎಂದರು ಅಪ್ಪ. “ಫೋನು ನಿಮ್ಮವ್ವನ ಕೈಯಾಗ ಕೊಡು.”

ಕೊಟ್ಟೆ.